ಮಾತಿಲ್ಲದ ಹಾಸ್ಯ: ‘ಪುಷ್ಪಕ ವಿಮಾನ’ದಲ್ಲಿ ಶಬ್ದದ ಅರ್ಥ

ಚಾರ್ಲಿ ಚಾಪ್ಲಿನ್ ಅವರ ‘ದಿ ರಿಂಕ್’ (1916) ಚಿತ್ರದಲ್ಲಿ ಹೋಟೆಲಿನ ಮಾಣಿಯು ಗಿರಾಕಿಯ ಉಡುಪಿಗೆ ಮೆತ್ತಿದ ತಿನಿಸಿನ ಕಲೆಗಳನ್ನು ನೋಡಿಯೇ ಬಿಲ್ಲು ಬರೆಯುತ್ತಾನೆ. ಅಲ್ಲಿ ಮೌನವು ಅಂದಿನ ತಂತ್ರಜ್ಞಾನದ ಮಿತಿ. ಸಿಂಗೀತಂ ಶ್ರೀನಿವಾಸರಾವ್ ನಿರ್ದೇಶಿಸಿದ, ಬೆಂಗಳೂರಿನಲ್ಲಿ ಚಿತ್ರಿತವಾದ ‘ಪುಷ್ಪಕ ವಿಮಾನ’ದಲ್ಲಿ (1987) ಮೌನವು ನಿರ್ದೇಶಕರ ಆಯ್ಕೆ. ಆದರೂ ಇದನ್ನು ಮೂಕಿಚಿತ್ರವೆನ್ನಲಾಗದು. ಇಲ್ಲಿ ಇಲ್ಲದಿರುವುದು ಮಾತು, ಶಬ್ದವಲ್ಲ.

ಸಿರಿವಂತನೊಬ್ಬನ ಸ್ಥಾನದಲ್ಲಿ ಐಷಾರಾಮಿ ಹೋಟೆಲನ್ನು ಸೇರಿದ ನಿರುದ್ಯೋಗಿಗೆ (ಕಮಲ್ ಹಾಸನ್) ಅಲ್ಲಿನ ನಿಶ್ಶಬ್ದದಲ್ಲಿ ನಿದ್ದೆ ಬಾರದು. ತನ್ನ ಹಳೆಯ ವಾಸದ ಬಳಿಯ ಗದ್ದಲವನ್ನು ಧ್ವನಿಮುದ್ರಿಸಿ ತಂದು ಕೇಳಿದಾಗಲೇ ಆತನಿಗೆ ನಿದ್ದೆ. ನೋಡುವವರು ಮೊದಲು ನಗುತ್ತಾರೆ. ನೆಮ್ಮದಿಯೂ ಬದುಕಿದ ವರ್ಗದಿಂದ ರೂಢಿಯಾಗುವಂಥದೆಂಬುದು ಆಮೇಲೆ ಹೊಳೆಯುತ್ತದೆ. ಸಂಭಾಷಣೆಯಿದ್ದಿದ್ದರೆ ಪಾತ್ರವೊಂದು ಅದನ್ನು ಹೇಳಿಬಿಡುತ್ತಿತ್ತು. ಇಲ್ಲಿ ಪ್ರೇಕ್ಷಕನೇ ಕಂಡುಕೊಳ್ಳಬೇಕು.