ಲೋಲಕಕ್ಕೆ ಯಾಕೆ ತಡವಾಯ್ತು?

ಒಂದು ಮೀಟರ್ ದಾರ, ತುದಿಗೊಂದು ಗುಂಡು. ಒಂದು ಸಲ ಹೋಗಿ ಬರೋಕೆ 2.01 ಸೆಕೆಂಡ್ ಅಂತ ಪಿಯುಸಿ ಸೂತ್ರ ಹೇಳುತ್ತೆ. ಈಗ 90 ಡಿಗ್ರಿಗೆ ಎತ್ತಿ ಬಿಡಿ. 2.37 ಸೆಕೆಂಡ್! ಸೂತ್ರ ತಪ್ಪಾ? ಅಲ್ಲ ಮಾರಾಯ್ರೆ, ಸೈನ್ ಥೀಟಾ ಇದ್ದ ಕಡೆ ಬರೀ ಥೀಟಾ ಬರೆದು ಜಾರಿಕೊಂಡಿದ್ವಿ. ಸಣ್ಣ ಕೋನಕ್ಕೆ ಮಾತ್ರ ಆ ಆಟ ನಡೆಯುತ್ತೆ.

ಸೈನ್ ಉಳಿಸಿಕೊಂಡರೆ ಎಲಿಪ್ಟಿಕ್ ಇಂಟಿಗ್ರಲ್. ಕೈಯಲ್ಲಿ ಬಿಡಿಸಿದರೆ ಪುಟಗಟ್ಟಲೆ. ಮ್ಯಾಕ್ಸಿಮಾ ಅನ್ನೋ ಉಚಿತ ತಂತ್ರಾಂಶ ಅದನ್ನ ಸರಣಿಯಾಗಿ ಬಿಡಿಸಿಡುತ್ತೆ: ಮೊದಲ ತಿದ್ದುಪಡಿ, ರೇಡಿಯನ್‌ನಲ್ಲಿ ಕೋನದ ವರ್ಗ ಭಾಗಿಸು 16; ಸೂತ್ರದ ಸಮಯಕ್ಕೆ ಅದರದ್ದೇ ಅಷ್ಟು ಪಾಲು ಸೇರುತ್ತೆ. ಸಮೀಕರಣ ಮಾತ್ರ ನೀವೇ ಬರೀಬೇಕು.

60 ಡಿಗ್ರಿ ಹಾಕಿ ನೋಡಿ, 2.15 ಬರಬೇಕು. 2.14 ಬಂತಾ? ಸರಣಿಗೆ ಇನ್ನೊಂದು ಪದ ಸೇರಿಸಿ.