ಐಹೊಳೆಯಿಂದ ಬಾದಾಮಿಗೆ, ಗೈಡ್ ಜೊತೆ ಒಂದು ದಿನ

ಬಾದಾಮಿಯ ಮೊದಲನೆಯ ಗುಹೆಯ ಬಲಬದಿಯ ಬಂಡೆಯಲ್ಲಿ ಹದಿನೆಂಟು ಕೈಗಳ ನಟರಾಜನಿದ್ದಾನೆ. ತಾವಾಗಿಯೇ ಬಂದವರು ಅವನೆದುರು ಫೋಟೊ ತೆಗೆಸಿಕೊಂಡು ಮುಂದೆ ಹೋಗುತ್ತಾರೆ. ಜೊತೆಗೆ ಗೈಡ್ ಇದ್ದರೆ ಅಷ್ಟು ಸಲೀಸಾಗಿ ಬಿಡುವುದಿಲ್ಲ. "ಇಲ್ಲೇ ನಿಂದರ್ರಿ ಸರ. ಎಡಕ್ಕ ಒಂಬತ್ತು ಕೈ, ಬಲಕ್ಕ ಒಂಬತ್ತು ಕೈ. ಒಂದು ಎಡಗೈ, ಒಂದು ಬಲಗೈ ಅಷ್ಟ ನೋಡ್ರಿ. ಉಳದದ್ದು ಮರತಬಿಡ್ರಿ" ಎನ್ನುತ್ತಾರೆ. ನಾವು ಹಾಗೆ ನೋಡುತ್ತೇವೆ. ಒಂದು ಭಂಗಿ ಕಾಣುತ್ತದೆ. ಬೇರೆ ಎಡಗೈಯನ್ನು ಆರಿಸಿಕೊಂಡರೆ ಬೇರೊಂದು ಭಂಗಿ. ಒಂಬತ್ತು ಒಂಬತ್ಲೆ ಎಂಬತ್ತೊಂದು ಎಂದು ಲೆಕ್ಕ ಒಪ್ಪಿಸಿ, ಆಮೇಲೆ ಅವರು ಆನೆ ಮತ್ತು ಬಸವನಿಗೆ ಒಂದೇ ತಲೆ ಇರುವ ಸಣ್ಣ ಶಿಲ್ಪದ ಕಡೆಗೆ ಕೈ ತೋರಿಸುತ್ತಾರೆ. ಒಂದು ದೇಹವನ್ನು ಕೈಯಿಂದ ಮರೆಮಾಡಿದರೆ ಆನೆ, ಇನ್ನೊಂದನ್ನು ಮರೆಮಾಡಿದರೆ ಬಸವ. ಇಷ್ಟಾಗುವ ಹೊತ್ತಿಗೆ, ಕಲ್ಲಿನ ಮುಂದೆ ಹೇಗೆ ನಿಲ್ಲಬೇಕು ಎಂಬ ಮೊದಲ ಪಾಠ ನಮಗೆ ಗೊತ್ತಿಲ್ಲದೆಯೇ ಮುಗಿದಿರುತ್ತದೆ.

ಬಾಗಲಕೋಟೆ ಜಿಲ್ಲೆಯ ಬಾದಾಮಿ, ಪಟ್ಟದಕಲ್ಲು, ಐಹೊಳೆಗಳಲ್ಲಿ ಗೈಡ್ ಕೆಲಸ ಒಂದು ಕಸುಬು. ಪ್ರವಾಸೋದ್ಯಮ ಇಲಾಖೆಯಿಂದ ತರಬೇತಿ ಪಡೆದು, ಗುರುತಿನ ಚೀಟಿಯನ್ನು ಕೊರಳಿಗೆ ಹಾಕಿಕೊಂಡು ಟಿಕೆಟ್ ಕೌಂಟರ್ ಬಳಿ ನಿಲ್ಲುವ ಇವರನ್ನು ಎಲ್ಲರೂ ನೋಡಿರುತ್ತೇವೆ. "ಗೈಡ್ ಬೇಕೇನ್ರಿ?" ಎಂಬ ಅವರ ಪ್ರಶ್ನೆಗೆ ಬೇಡವೆಂದು ತಲೆಯಾಡಿಸಿ ಮುಂದೆ ನಡೆದವರೇ ಹೆಚ್ಚು. ಈ ಲೇಖನ ಅವರ ಪರವಾಗಿದೆ. ಈ ಮೂರು ಊರುಗಳನ್ನು ಒಂದೇ ದಿನದಲ್ಲಿ ನೋಡಬೇಕಾಗಿ ಬಂದರೆ, ಮತ್ತು ಹೆಚ್ಚಿನವರಿಗೆ ಸಿಗುವುದು ಒಂದೇ ದಿನ, ಆ ದಿನಕ್ಕೆ ಅರ್ಥ ಬರುವುದು ಸ್ಥಳೀಯ ಗೈಡ್ ಜೊತೆಗಿದ್ದಾಗ ಮಾತ್ರ ಎಂಬುದು ನನ್ನ ದೃಢ ನಂಬಿಕೆ.

ದಿನವನ್ನು ಎಲ್ಲಿಂದ ಆರಂಭಿಸಬೇಕು ಎನ್ನುವುದರಲ್ಲೇ ಗೈಡ್‌ನ ಅನುಭವ ಗೊತ್ತಾಗುತ್ತದೆ. ಪ್ರವಾಸಿ ಬಸ್ಸುಗಳು ಸಾಮಾನ್ಯವಾಗಿ ಬಾದಾಮಿಯ ಗುಹೆಗಳಿಗೆ ಮೊದಲು ಹೋಗಿ, ಐಹೊಳೆಯನ್ನು ಕೊನೆಗೆ ಇಟ್ಟುಕೊಳ್ಳುತ್ತವೆ. ಅಲ್ಲಿ ತಲುಪುವ ಹೊತ್ತಿಗೆ ಎಲ್ಲರ ಕಾಲುಗಳೂ ಸೋತಿರುತ್ತವೆ. ಅನುಭವಸ್ಥ ಗೈಡ್ ಇದನ್ನು ತಿರುಗಿಸುತ್ತಾರೆ. ಬೆಳಗಿನ ತಂಪಿನಲ್ಲಿ ಬಾದಾಮಿಯಿಂದ ಸುಮಾರು 35 ಕಿಲೋಮೀಟರ್ ದೂರದ ಐಹೊಳೆ, ಅಲ್ಲಿಂದ ಮಲಪ್ರಭೆಯ ದಂಡೆಯ ಪಟ್ಟದಕಲ್ಲು, ಇಳಿಹೊತ್ತಿಗೆ ಮರಳಿ ಬಾದಾಮಿ. ಕೆಂಪು ಮರಳುಗಲ್ಲಿನ ಬೆಟ್ಟ ಬಣ್ಣ ತುಂಬಿಕೊಳ್ಳುವುದೂ ಆ ಇಳಿಬಿಸಿಲಿನಲ್ಲೇ.

ಐಹೊಳೆಯಲ್ಲಿ ನೂರಕ್ಕೂ ಮಿಕ್ಕಿ ಗುಡಿಗಳಿವೆ. ಎಲ್ಲವನ್ನೂ ತೋರಿಸುತ್ತೇನೆ ಎನ್ನುವ ಗೈಡನ್ನು ನಂಬಬಾರದು. ನಾಲ್ಕನ್ನು ಆರಿಸಿಕೊಂಡು ತೋರಿಸುವವರು ಬೇಕು. ಲಾಡಖಾನ್ ಗುಡಿಯಲ್ಲಿ ಅವರು ನಮ್ಮನ್ನು ಮೊದಲು ದೂರದಲ್ಲಿ ನಿಲ್ಲಿಸಿ ಛಾವಣಿ ನೋಡಲು ಹೇಳುತ್ತಾರೆ. ಇಳಿಜಾರಾಗಿ ಜೋಡಿಸಿದ ಚಪ್ಪಡಿಗಳು, ಎರಡು ಚಪ್ಪಡಿ ಕೂಡುವ ಸಂದಿನ ಮೇಲೆ ಉದ್ದಕ್ಕೆ ಕೂರಿಸಿದ ಕಲ್ಲಿನ ಪಟ್ಟಿಗಳು. ಮಳೆನೀರು ಒಳಗಿಳಿಯದಂತೆ ಮರದ ಮನೆಗೆ ಮಾಡುತ್ತಿದ್ದ ಉಪಾಯವನ್ನೇ ಬಡಗಿತನ ಬಲ್ಲ ಕೈಗಳು ಕಲ್ಲಿನಲ್ಲಿ ಮಾಡಿವೆ. ಒಳಗೆ ಮೇಲಿನ ಗುಡಿಗೆ ಹತ್ತಲು ಇಟ್ಟ ಏಣಿ ಕೂಡ ಕಲ್ಲಿನದೇ. ಹಳೆಯ ಪುಸ್ತಕಗಳು ಈ ಗುಡಿಯನ್ನು 5ನೇ ಶತಮಾನದ್ದೆಂದು ಹೇಳುತ್ತಿದ್ದವು. ಈಚಿನ ವಿದ್ವಾಂಸರು 7 ಅಥವಾ 8ನೇ ಶತಮಾನಕ್ಕೆ ತರುತ್ತಾರೆ. ಓದಿಕೊಂಡ ಗೈಡ್ ಎರಡನ್ನೂ ಹೇಳುತ್ತಾರೆ. ಬರೀ ಬಾಯಿಪಾಠ ಮಾಡಿದವರು ಹಳೆಯದನ್ನು ಮಾತ್ರ ಹೇಳುತ್ತಾರೆ. ಗೈಡ್ ಎಂಥವರು ಎಂದು ತಿಳಿಯಲು ಈ ಒಂದು ಪ್ರಶ್ನೆ ಸಾಕು.

ಪಕ್ಕದಲ್ಲೇ ದುರ್ಗ ಗುಡಿ. ಹೆಸರು ಕೇಳಿ ದೇವಿಯ ಗುಡಿ ಎಂದುಕೊಂಡು ಕೈಮುಗಿಯುವವರಿದ್ದಾರೆ. ಇದರ ಮೇಲೆ, ಸುತ್ತಲೂ ಮುಂದೊಂದು ಕಾಲದಲ್ಲಿ ಕೋಟೆ ಕಟ್ಟಿದ್ದರಿಂದ ಬಂದ ಹೆಸರು ಅದು. ಮೂಲದಲ್ಲಿ ಸೂರ್ಯನ ಗುಡಿಯಾಗಿತ್ತೆಂದು ಶಾಸನದ ಆಧಾರದಿಂದ ವಿದ್ವಾಂಸರು ಹೇಳುತ್ತಾರೆ. ಹಿಂಭಾಗ ಅರ್ಧವೃತ್ತಾಕಾರವಾಗಿ ಬಾಗಿರುವುದರಿಂದ ಹೊರಗಿನ ಪ್ರದಕ್ಷಿಣಾ ಪಥದಲ್ಲಿ ನಡೆಯುತ್ತಾ ಹೋದಂತೆ ಒಂದು ಶಿಲ್ಪ ಮರೆಯಾಗುತ್ತಾ ಇನ್ನೊಂದು ಎದುರಾಗುತ್ತದೆ: ನಂದಿಗೆ ಒರಗಿ ನಿಂತ ಶಿವ, ನರಸಿಂಹ, ವರಾಹ, ಮಹಿಷಮರ್ದಿನಿ, ಹರಿಹರ. ಇಲ್ಲಿ ಒಳ್ಳೆಯ ಗೈಡ್ ಮಾತು ನಿಲ್ಲಿಸಿ ನಮ್ಮನ್ನು ಮುಂದೆ ಬಿಟ್ಟು ತಾವು ಹಿಂದೆ ಬರುತ್ತಾರೆ. ಎಲ್ಲಿ ಸುಮ್ಮನಿರಬೇಕು ಎಂದು ತಿಳಿದಿರುವುದೂ ಈ ಕಸುಬಿನ ಒಂದು ಭಾಗ.

ಮೇಗುತಿ ಬೆಟ್ಟ ಹತ್ತಲು ಹಲವರು ಒಪ್ಪುವುದಿಲ್ಲ. ಹತ್ತಲೇಬೇಕು. ದಾರಿಯಲ್ಲಿ ಎರಡು ಅಂತಸ್ತಿನ ಬೌದ್ಧ ನೆಲೆ ಸಿಗುತ್ತದೆ. ನೆತ್ತಿಯಲ್ಲಿ ಪೂರ್ತಿಯಾಗದೆ ಉಳಿದ ಜಿನಾಲಯ. ಅದರ ಹೊರಗೋಡೆಯಲ್ಲಿರುವುದು ರವಿಕೀರ್ತಿ ಬರೆದ, ಚಾಲುಕ್ಯ ಅರಸ ಇಮ್ಮಡಿ ಪುಲಕೇಶಿಯ ದಿಗ್ವಿಜಯಗಳನ್ನು ಹೇಳುವ ಸಂಸ್ಕೃತ ಶಾಸನ. ಶಕ 556, ಅಂದರೆ ಕ್ರಿ.ಶ. 634. ಉತ್ತರದ ಹರ್ಷವರ್ಧನ ಪುಲಕೇಶಿಯೆದುರು ಸೋತದ್ದನ್ನು ನಾವು ಶಾಲೆಯ ಪುಸ್ತಕದಲ್ಲಿ ಓದಿದ್ದೇವಲ್ಲ, ಆ ಮಾತಿಗೆ ಆಧಾರ ಈ ಗೋಡೆ. ರವಿಕೀರ್ತಿ ತನ್ನ ಕೀರ್ತಿಯನ್ನು ಕಾಳಿದಾಸ, ಭಾರವಿಯರ ಕೀರ್ತಿಗೆ ಸರಿಗಟ್ಟಿ ಹೇಳಿಕೊಂಡಿದ್ದಾನೆ. ಹಾಗೆ ಹೇಳಿಕೊಂಡದ್ದರಿಂದಲೇ ಆ ಇಬ್ಬರು ಕವಿಗಳು 634ಕ್ಕಿಂತ ಹಿಂದಿನವರು ಎಂಬುದು ಖಚಿತವಾಯಿತು. ಕವಿಯ ಒಂದು ಹೆಮ್ಮೆಯ ಮಾತು ಇಡೀ ಸಾಹಿತ್ಯ ಚರಿತ್ರೆಗೆ ಗಡಿಕಲ್ಲಾದ ಜಾಗ ಇದು. ಕೆಳಗೆ ಹರಡಿಕೊಂಡ ಊರೂ ಸಾಮಾನ್ಯದ್ದಲ್ಲ. ದಕ್ಷಿಣ ಭಾರತದಲ್ಲೆಲ್ಲ ವ್ಯಾಪಾರ ನಡೆಸಿದ ಅಯ್ಯಾವೊಳೆ ಐನೂರ್ವರ ಸಂಘಕ್ಕೆ ಹೆಸರು ಕೊಟ್ಟ ಊರು.

ಇಲ್ಲೊಂದು ವಿಷಯ ಹೇಳಬೇಕು. ಇಲ್ಲಿನ ಗೈಡ್‌ಗಳ ಜೋಳಿಗೆಯಲ್ಲಿ ಕಥೆಗಳಿಗೆ ಬರವಿಲ್ಲ. ಪರಶುರಾಮ ಮಲಪ್ರಭೆಯಲ್ಲಿ ಕೊಡಲಿ ತೊಳೆದ ಕಥೆ ಐಹೊಳೆಯಲ್ಲಿ. ಇಲ್ವಲ, ವಾತಾಪಿ ಎಂಬ ಅಣ್ಣತಮ್ಮ ರಾಕ್ಷಸರನ್ನು ಅಗಸ್ತ್ಯರು ಮುಗಿಸಿದ ಕಥೆ ಬಾದಾಮಿಯಲ್ಲಿ. ಪಲ್ಲವರ ಸೇನಾನಿ ಬಾದಾಮಿಯಿಂದ ಗಣಪತಿಯನ್ನು ತಮಿಳುನಾಡಿಗೆ ಒಯ್ದನೆಂಬ, ಮುತ್ತುಸ್ವಾಮಿ ದೀಕ್ಷಿತರ 'ವಾತಾಪಿ ಗಣಪತಿಂ' ಕೃತಿಯೊಂದಿಗೆ ತಳಕು ಹಾಕಿಕೊಂಡ ಐತಿಹ್ಯ. ಇವನ್ನೆಲ್ಲ ಹೇಳಬೇಕು. ಕಥೆಯಿಲ್ಲದೆ ಮಕ್ಕಳು ಬಿಸಿಲಲ್ಲಿ ಒಂದು ಹೆಜ್ಜೆ ಹಾಕುವುದಿಲ್ಲ. ಆದರೆ ನಾನು ಮೆಚ್ಚುವ ಗೈಡ್‌ಗಳು ಕಥೆ ಮುಗಿಸಿ ಒಂದು ಮಾತು ಸೇರಿಸುತ್ತಾರೆ: "ಇದು ಕಥಿ ರೀ. ಶಾಸನದಾಗ ಇರೋದು ಬ್ಯಾರೆ." ಈ ಗೆರೆ ಎಳೆಯುವ ಪ್ರಾಮಾಣಿಕತೆಗೆ ನಾವು ಕೊಡುವ ಹಣ ಕಡಿಮೆಯೇ.

ಐಹೊಳೆಯಿಂದ ಪಟ್ಟದಕಲ್ಲು ಸುಮಾರು 13 ಕಿಲೋಮೀಟರ್. 1987ರಲ್ಲಿ ಯುನೆಸ್ಕೊ ವಿಶ್ವಪರಂಪರೆಯ ಪಟ್ಟಿಗೆ ಸೇರಿದ ತಾಣ. ಚಾಲುಕ್ಯ ಅರಸರ ಪಟ್ಟಾಭಿಷೇಕಗಳು ನಡೆದ ಜಾಗ. ಒಂದೇ ಅಂಗಳದಲ್ಲಿ ಬಾಗಿ ಮೇಲೇರುವ ಉತ್ತರದ ಶಿಖರವೂ ಅಂತಸ್ತು ಅಂತಸ್ತಾಗಿ ಏರುವ ದಕ್ಷಿಣದ ವಿಮಾನವೂ ಅಕ್ಕಪಕ್ಕ ನಿಂತಿರುವುದನ್ನು ನೋಡಬೇಕಾದರೆ ಇಲ್ಲಿಗೇ ಬರಬೇಕು. ಗಳಗನಾಥ ಮತ್ತು ಸಂಗಮೇಶ್ವರ ಗುಡಿಗಳ ನಡುವೆ ನಿಲ್ಲಿಸಿ ಗೈಡ್ ಬೆರಳು ತೋರಿಸಿದರೆ, ನಾಗರ-ದ್ರಾವಿಡ ಎಂಬ ಪಠ್ಯಪುಸ್ತಕದ ಭೇದ ಐದು ನಿಮಿಷದಲ್ಲಿ ಜೀವನಪೂರ್ತಿ ನೆನಪುಳಿಯುತ್ತದೆ.

ವಿರೂಪಾಕ್ಷ ಗುಡಿಗೆ ಮಾತ್ರ ಸಮಯ ಕೊಡಿ. ಕಂಚಿಯನ್ನು ಗೆದ್ದ ಇಮ್ಮಡಿ ವಿಕ್ರಮಾದಿತ್ಯನ ವಿಜಯದ ನೆನಪಿಗೆ ಅವನ ಪಟ್ಟದ ರಾಣಿ ಲೋಕಮಹಾದೇವಿ ಇದನ್ನು ಕಟ್ಟಿಸಿದಳು. ಮಗ್ಗುಲಿನ ಮಲ್ಲಿಕಾರ್ಜುನ ಗುಡಿ ಅವಳ ತಂಗಿ, ಅದೇ ಅರಸನ ರಾಣಿ ತ್ರೈಲೋಕ್ಯಮಹಾದೇವಿಯದು. 8ನೇ ಶತಮಾನದ ಅಕ್ಕತಂಗಿಯರ ಹೆಸರಿನಲ್ಲಿ ಎರಡು ದೊಡ್ಡ ಗುಡಿಗಳು ಒಂದರ ಪಕ್ಕ ಒಂದು ನಿಂತಿವೆ. ಕಟ್ಟಿದವನ ಹೆಸರೂ ಕಳೆದುಹೋಗಿಲ್ಲ. ಗುಂಡ ಎಂಬ ಅನಿವಾರಿತಾಚಾರಿಗೆ 'ತ್ರಿಭುವನಾಚಾರಿ' ಬಿರುದು ಕೊಟ್ಟದ್ದನ್ನು ಅಲ್ಲಿನ ಕನ್ನಡ ಶಾಸನವೇ ಹೇಳುತ್ತದೆ. ನಮ್ಮ ದೇಶದ ಎಷ್ಟು ಮಹಾ ಕಟ್ಟಡಗಳ ಶಿಲ್ಪಿಯ ಹೆಸರು ನಮಗೆ ಗೊತ್ತಿದೆ? ಈ ಶಾಸನದ ಮುಂದೆ ನಿಲ್ಲಿಸದ ಗೈಡನ್ನು ನೀವೇ ಕೇಳಿ ನಿಲ್ಲಿಸಿಕೊಳ್ಳಿ.

ಒಳಗಿನ ಕಂಬಗಳ ಮೇಲೆ ರಾಮಾಯಣ, ಮಹಾಭಾರತ, ಪಂಚತಂತ್ರಗಳ ಚಿತ್ರಗಳಿವೆ. ಮಬ್ಬುಗತ್ತಲಲ್ಲಿ ಗೈಡ್ ಮೊಬೈಲ್ ಟಾರ್ಚನ್ನು ನೇರವಾಗಿ ಹಿಡಿಯುವುದಿಲ್ಲ. ಪಕ್ಕದಿಂದ ಓರೆಯಾಗಿ ಹಿಡಿಯುತ್ತಾರೆ. ನೇರ ಬೆಳಕಿನಲ್ಲಿ ಚಪ್ಪಟೆಯಾಗಿ ಕಾಣುತ್ತಿದ್ದ ಕಲ್ಲು ನೆರಳು ಬಿದ್ದೊಡನೆ ಉಬ್ಬಿ ಬರುತ್ತದೆ. ರಾವಣನೊಡನೆ ಸೆಣಸುವ ಜಟಾಯು ಆಗ ಕಾಣುತ್ತಾನೆ. ಸವೆದ ಅಕ್ಷರಗಳನ್ನು ತೋರಿಸುವಾಗಲೂ ಇದೇ ಉಪಾಯ. ಸ್ವಲ್ಪ ಆಚೆಯ ಪಾಪನಾಥ ಗುಡಿಯ ಹೊರಗೋಡೆಯ ರಾಮಾಯಣದಲ್ಲಿ ಪಾತ್ರಗಳ ಹೆಸರನ್ನು ಹಳಗನ್ನಡ ಲಿಪಿಯಲ್ಲಿ ಕೊರೆದಿದ್ದಾರೆ. ಅಂದಿನ ನೋಡುಗರಿಗೂ ಯಾರು ಯಾರೆಂದು ಹೇಳಿಕೊಡುವ ಅಗತ್ಯವಿತ್ತು ಎಂದಾಯಿತು.

ವಿಕ್ರಮಾದಿತ್ಯನ ಕಥೆಯ ಇನ್ನರ್ಧ ಇಲ್ಲಿಲ್ಲ, ಕಂಚಿಯಲ್ಲಿದೆ. ಗೆದ್ದ ಊರಿನ ಕೈಲಾಸನಾಥ ದೇವಾಲಯದ ಸಂಪತ್ತನ್ನು ನೋಡಿ ಮೆಚ್ಚಿ, ಅದನ್ನು ದೇವರಿಗೇ ಮರಳಿಸಿದನೆಂದು ಆ ಗುಡಿಯ ಕಂಬದ ಮೇಲೆ ಕನ್ನಡದಲ್ಲೇ ಕೊರೆಸಿದ್ದಾನೆ. ತಮಿಳುನಾಡಿನಿಂದ ಬಂದ ಪ್ರವಾಸಿಗಳಿಗೆ ಇದನ್ನು ಹೇಳುವಾಗ ಗೈಡ್‌ಗಳ ಮುಖದಲ್ಲಿ ಒಂದು ಸಂತೋಷವಿರುತ್ತದೆ. ಸೋಲು-ಗೆಲುವಿನ ಲೆಕ್ಕಕ್ಕಿಂತ ಹೇಳಲು ಯೋಗ್ಯವಾದ ಸಂಗತಿ ಅದು.

ವಿರೂಪಾಕ್ಷನಿಗೆ ಇಂದಿಗೂ ಪೂಜೆ ನಡೆಯುತ್ತದೆ. ಚಪ್ಪಲಿ ಬಿಟ್ಟು ಒಳಗೆ ಹೋದಾಗ ಊರಿನ ಹೆಂಗಸರು ದೀಪ ಹಚ್ಚುತ್ತಿದ್ದರೆ ವಿವರಣೆಯನ್ನು ಹೊರಗೆ ಮುಗಿಸಿಕೊಳ್ಳಬೇಕು. 2019ರ ಆಗಸ್ಟ್‌ನಲ್ಲಿ ಮಲಪ್ರಭೆ ಉಕ್ಕಿ ಗುಡಿಗಳ ಅಂಗಳಕ್ಕೆ ನೀರು ನುಗ್ಗಿತ್ತು. ಊರವರಿಗೆ ಅದು ಪತ್ರಿಕೆಯಲ್ಲಿ ಓದಿದ ಸುದ್ದಿಯಲ್ಲ. ಅವರ ಮನೆಗಳೊಳಗೂ ಅದೇ ನೀರು ಬಂದಿತ್ತು.

ಮಧ್ಯಾಹ್ನದ ಊಟಕ್ಕೆ ಹೋಟೆಲು ಹುಡುಕಬೇಡಿ. ಬಾದಾಮಿಯಿಂದ ಐದು ಕಿಲೋಮೀಟರ್ ದೂರದ ಬನಶಂಕರಿಗೆ ಬನ್ನಿ. ಹರಿದ್ರಾತೀರ್ಥದ ಹೊಂಡ, ದೇವಿಯ ದರ್ಶನ, ಆಮೇಲೆ ಗುಡಿಯ ಹೊರಗೆ ಬುಟ್ಟಿ ಇಟ್ಟುಕೊಂಡು ಕೂತ ಅವ್ವಂದಿರ ಕೈಯಿಂದ ಜೋಳದ ರೊಟ್ಟಿ, ಜುಣಕ, ಕೆಂಪು ಖಾರ, ಶೇಂಗಾ ಚಟ್ನಿ, ಗಟ್ಟಿ ಮೊಸರು. ಬನದ ಹುಣ್ಣಿಮೆಯ ಜಾತ್ರೆಗೆ ನಾಟಕ ಕಂಪನಿಗಳು ಟೆಂಟು ಹಾಕುವುದೂ ಇಲ್ಲೇ. ಹೊತ್ತು ಉಳಿದಿದ್ದರೆ ಮಹಾಕೂಟ. ಮರಗಳ ನೆರಳಿನಲ್ಲಿ ಚಿಕ್ಕ ಚಿಕ್ಕ ಗುಡಿಗಳು, ಜನ ಇಂದಿಗೂ ಮೀಯುವ ತಿಳಿನೀರಿನ ಪುಷ್ಕರಣಿ. ಚಾಲುಕ್ಯ ಅರಸ ಮಂಗಳೇಶನ ಕಾಲದ ಪ್ರಸಿದ್ಧ ಕಂಬ ಶಾಸನ ಇಲ್ಲಿಯದೇ, ಈಗ ವಿಜಯಪುರದ ವಸ್ತುಸಂಗ್ರಹಾಲಯದಲ್ಲಿದೆ.

ಸಂಜೆಯ ಬಾದಾಮಿಯಲ್ಲಿ ಮೂರನೆಯ ಗುಹೆ ಎಲ್ಲಕ್ಕಿಂತ ಮುಖ್ಯ. ಬಂಡೆಯನ್ನೇ ಕೊರೆದು ಮಾಡಿದ ಈ ವಿಷ್ಣುಗೃಹಕ್ಕೆ ಖಚಿತವಾದ ಕಾಲವಿದೆ: ಶಕ 500, ಕ್ರಿ.ಶ. 578, ಕಾರ್ತಿಕ ಹುಣ್ಣಿಮೆ. ಮಂಗಳೇಶ ಅದರ ಪುಣ್ಯವನ್ನು ಅಣ್ಣ ಕೀರ್ತಿವರ್ಮನಿಗೆ ಸಲ್ಲಿಸಿದ್ದಾನೆ. ಆದಿಶೇಷನ ಮೇಲೆ ಕುಳಿತ ವಿಷ್ಣುವನ್ನು ಎಲ್ಲರೂ ನೋಡುತ್ತಾರೆ. ಮೇಲೆ ತೊಲೆಗೆ ಆನಿಸಿದ ಬೋದಿಗೆಗಳಲ್ಲಿರುವ ಗಂಡು-ಹೆಣ್ಣಿನ ಜೋಡಿಗಳನ್ನು ನೋಡಲು ಕತ್ತೆತ್ತಿ ಎಂದು ಯಾರಾದರೂ ಹೇಳಬೇಕು. ಕಪೋತದ, ಅಂದರೆ ಮುಂಚಾಚಿದ ಕಲ್ಲಿನ ಸೂರಿನ, ಒಳಮೈಯಲ್ಲಿ ಅಳಿದುಳಿದ ವರ್ಣಚಿತ್ರದ ಗುರುತುಗಳನ್ನೂ ತೋರಿಸಬೇಕು. ನಾಲ್ಕನೆಯದು ಜೈನ ಗುಹೆ. ಅಲ್ಲಿಂದ ಅಗಸ್ತ್ಯತೀರ್ಥವೆಂಬ ಕೆರೆಯ ಆಚೆ ಕಾಣುವ ಉತ್ತರದ ಬೆಟ್ಟದ ಕಡೆಯಲ್ಲೇ 543ರಲ್ಲಿ ಮೊದಲನೆಯ ಪುಲಕೇಶಿ ಕೋಟೆ ಕಟ್ಟಿಸಿದ್ದನ್ನು ಹೇಳುವ ಬಂಡೆ ಶಾಸನವಿದೆ. ನೂರು ವರ್ಷ ಕಳೆಯುವ ಮೊದಲೇ, 642ರಲ್ಲಿ, ಪಲ್ಲವ ನರಸಿಂಹವರ್ಮ ಈ ಊರನ್ನು ವಶಪಡಿಸಿಕೊಂಡು ಇಲ್ಲಿನ ಬಂಡೆಯ ಮೇಲೆ ತನ್ನ ಶಾಸನವನ್ನೂ ಬರೆಸಿದ.

ಒಂದು ದಿನದ ಪ್ರವಾಸದಲ್ಲಿ ಸಾಮಾನ್ಯವಾಗಿ ಬಿಟ್ಟುಹೋಗುವುದು ಕಪ್ಪೆ ಅರಭಟ್ಟನ ಶಾಸನ. ತೀರ್ಥದ ಈಶಾನ್ಯಕ್ಕೆ, ತಟ್ಟುಕೋಟೆಯ ಕಡೆಯ ಬಂಡೆಯಲ್ಲಿ ಸುಮಾರು ಕ್ರಿ.ಶ. 700ರ ಕನ್ನಡ ಅಕ್ಷರಗಳು. ನಮಗೆ ಸಿಕ್ಕಿರುವ ಅತ್ಯಂತ ಹಳೆಯ ತ್ರಿಪದಿಗಳು. ಬೀಸುವ ಕಲ್ಲಿನ ಮುಂದೆ ನಮ್ಮ ಅಜ್ಜಿಯರು ಹಾಡಿದ ಪದಗಳ ಛಂದಸ್ಸು ಇದೇ. ಕನ್ನಡಿಗರನ್ನು ಇದರ ಮುಂದೆ ನಿಲ್ಲಿಸದೆ ಕಳಿಸುವುದು ಸರಿಯಲ್ಲ ಎನ್ನುವ ಗೈಡ್‌ಗಳು ಬಾದಾಮಿಯಲ್ಲಿದ್ದಾರೆ. ಆದರೆ ಬಸ್ಸು ಹೊರಡುವ ಹೊತ್ತಾಗಿರುತ್ತದೆ, ಪ್ರವಾಸಿಗಳು ಬರುವುದಿಲ್ಲ.

ಗೈಡ್‌ಗಳ ಕೆಲಸ ಋತುವನ್ನು ನಂಬಿದ್ದು. ದಸರೆಯಿಂದ ಚಳಿಗಾಲ ಮುಗಿಯುವವರೆಗೆ, ಶಾಲಾ ಪ್ರವಾಸದ ದಿನಗಳಲ್ಲಿ ಬಿಡುವಿಲ್ಲ. ಬೇಸಿಗೆಯಲ್ಲಿ ಕಾದ ಬಂಡೆಯ ಮೇಲೆ ಯಾರೂ ಇರುವುದಿಲ್ಲ. ಮೊಬೈಲಿನಲ್ಲೇ ಎಲ್ಲ ಮಾಹಿತಿ ಸಿಗುತ್ತದೆ ಎನ್ನುವವರೂ ಈಗ ಹೆಚ್ಚು. ಮಾಹಿತಿ ಸಿಗುತ್ತದೆ, ನಿಜ. ಟಾರ್ಚನ್ನು ಯಾವ ಕಡೆಯಿಂದ ಹಿಡಿಯಬೇಕು, ಎಷ್ಟು ದೂರ ನಿಲ್ಲಬೇಕು, ಯಾವ ಗುಡಿಯನ್ನು ಇವತ್ತು ಬಿಟ್ಟುಬಿಡಬೇಕು ಎಂಬುದನ್ನು ಮೊಬೈಲು ಹೇಳುವುದಿಲ್ಲ.

ಆದ್ದರಿಂದ ಹೊರಡುವವರಿಗೆ ನನ್ನ ಮಾತು ಇಷ್ಟು. ಅಕ್ಟೋಬರ್‌ನಿಂದ ಫೆಬ್ರುವರಿಯೊಳಗೆ ಹೋಗಿ. ಹಿಂದಿನ ರಾತ್ರಿಯೇ ಬಾದಾಮಿಗೆ ಬಂದು ಉಳಿಯಿರಿ. ಗದಗ–ಸೊಲ್ಲಾಪುರ ಮಾರ್ಗದ ರೈಲುಗಳು ಇಲ್ಲಿ ನಿಲ್ಲುತ್ತವೆ. ಇಲಾಖೆಯ ಗುರುತಿನ ಚೀಟಿ ಇರುವ ಗೈಡನ್ನು ಒಂದು ಗುಹೆಗೆ, ಒಂದು ಗುಡಿಗೆ ಎಂದಲ್ಲದೆ ಇಡೀ ದಿನಕ್ಕೆ ಗೊತ್ತುಮಾಡಿಕೊಳ್ಳಿ. ಹಣದ ಮಾತನ್ನು ಮೊದಲೇ ಮುಗಿಸಿ, ಚೌಕಾಶಿ ಮಾಡಬೇಡಿ, ಮಧ್ಯಾಹ್ನದ ರೊಟ್ಟಿಗೆ ಅವರನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಿ. ಕಪ್ಪೆ ಅರಭಟ್ಟನನ್ನು ನೋಡಬೇಕು ಎಂದು ಬೆಳಿಗ್ಗೆಯೇ ಹೇಳಿಬಿಡಿ, ಅದಕ್ಕೆ ಬೇಕಾದ ಹೊತ್ತನ್ನು ಅವರು ಹೊಂದಿಸಿಕೊಳ್ಳುತ್ತಾರೆ.