ಕಾಲುದಾರಿಯ ಅಗಲ, ಬದುಕಿನ ಅಗಲ

ಸಂಜೆ ತರಗತಿ ಮುಗಿಸಿ ಕಾಸರಗೋಡು ಪೇಟೆಯಲ್ಲಿ ಬಸ್ ನಿಲ್ದಾಣದತ್ತ ನಡೆಯುವಾಗ ಕಾಲುದಾರಿಯಲ್ಲಿ ಹಣ್ಣಿನ ಬುಟ್ಟಿಗಳು ಎದುರಾದರೆ ನಾವು ರಸ್ತೆಗೆ ಇಳಿಯುತ್ತೇವೆ. ಬೆನ್ನ ಹಿಂದೆಯೇ ವಾಹನದ ಹಾರನ್ ಕೇಳಿಸುತ್ತದೆ. ಆ ಕ್ಷಣದಲ್ಲಿ ವ್ಯಾಪಾರಿಯ ಮೇಲೆ ಸಿಟ್ಟು ಬರುವುದು ಸಹಜ. ಆದರೆ ಅಂತಹ ಬುಟ್ಟಿಯಿಂದಲೇ ನಾವು ಅಗ್ಗದ ದರದಲ್ಲಿ ಬಾಳೆಹಣ್ಣು ಕೊಂಡದ್ದೂ ಉಂಟು. ಒಂದು ಕಡೆ ಹೊಟ್ಟೆಪಾಡು, ಇನ್ನೊಂದು ಕಡೆ ಜೀವಭಯ. ಇವೆರಡರಲ್ಲಿ ಒಂದನ್ನು ಆರಿಸಿ ಇನ್ನೊಂದನ್ನು ಬಿಡಬೇಕೆ?

ಈ ಪ್ರಶ್ನೆಗೆ ನ್ಯಾಯಾಲಯದ ಉತ್ತರ ಸಮತೋಲನದ್ದು. ಬೀದಿಬದಿಯ ವ್ಯಾಪಾರವು ಸಂವಿಧಾನದ 19ನೆಯ ವಿಧಿಯ ರಕ್ಷಣೆಗೆ ಒಳಪಟ್ಟದ್ದು, ಆದರೆ ನಿರ್ದಿಷ್ಟ ಸ್ಥಳವೊಂದು ಶಾಶ್ವತವಾಗಿ ತನ್ನದೆಂದು ಯಾರೂ ಹೇಳುವಂತಿಲ್ಲ ಎಂದು ಸರ್ವೋಚ್ಚ ನ್ಯಾಯಾಲಯವು 1989ರ ಸೋದನ್ ಸಿಂಗ್ ಪ್ರಕರಣದಲ್ಲಿ ತೀರ್ಪಿತ್ತಿತು. ಅಡೆತಡೆಯಿಲ್ಲದ ಕಾಲುದಾರಿಯು 21ನೆಯ ವಿಧಿಯ ಜೀವಿಸುವ ಹಕ್ಕಿನ ಭಾಗವೆಂದು ಅದೇ ನ್ಯಾಯಾಲಯ 2025ರಲ್ಲಿ ಹೇಳಿತು. ಎರಡೂ ಹಕ್ಕುಗಳೇ ಆಗಿರುವುದರಿಂದ ಬೇಕಾದದ್ದು ಅಳತೆ.

ಆ ಅಳತೆ ಲಭ್ಯವಿದೆ. ಭಾರತೀಯ ರಸ್ತೆ ಕಾಂಗ್ರೆಸ್ಸಿನ 2012ರ ಮಾರ್ಗಸೂಚಿಯಂತೆ ನಡೆಯುವವರಿಗೆ ಕನಿಷ್ಠ 1.8 ಮೀಟರ್ ಅಗಲ ಹಾಗೂ 2.2 ಮೀಟರ್ ಎತ್ತರದ ತೆರವಾದ ಜಾಗ ಇರಬೇಕು. ಎತ್ತರದ ಮಾತು ಮಳೆನಾಡಿನವರಾದ ನಮಗೆ ಮುಖ್ಯ. ಆಟಿಯ ಮಳೆಗೆ ಕಟ್ಟಿದ ಟಾರ್ಪಾಲಿನ ಹಗ್ಗ ದೃಷ್ಟಿಹೀನರ ಕತ್ತಿಗೆ ತಗಲಬಹುದು. ಈ ಜಾಗವನ್ನು ಬಿಟ್ಟು ಉಳಿಯುವ ಅಂಚಿನಲ್ಲಿ ವ್ಯಾಪಾರಕ್ಕೆ ಎಡೆಯಿದೆ. ಕಾಲುದಾರಿಯೇ ಕಿರಿದಾಗಿದ್ದರೆ ಹತ್ತಿರದಲ್ಲಿ ಬೇರೆ ಸ್ಥಳವನ್ನೋ ನಿಗದಿತ ವೇಳೆಯನ್ನೋ ಗೊತ್ತುಪಡಿಸಬೇಕಾಗುತ್ತದೆ.

ಇದನ್ನು ನಿರ್ಣಯಿಸುವ ಕ್ರಮವನ್ನು 2014ರ ಬೀದಿಬದಿ ವ್ಯಾಪಾರಿಗಳ ಕಾಯಿದೆ ವಿಧಿಸಿದೆ. ಐದು ವರ್ಷಕ್ಕೊಮ್ಮೆಯಾದರೂ ಸಮೀಕ್ಷೆ ನಡೆಯಬೇಕು. ಸಮೀಕ್ಷೆ ಮುಗಿದು ಪ್ರಮಾಣಪತ್ರ ನೀಡುವವರೆಗೆ ಯಾರನ್ನೂ ಎಬ್ಬಿಸುವಂತಿಲ್ಲ. ಸ್ಥಳಾಂತರಕ್ಕೆ ಮೊದಲು 30 ದಿನಗಳ ಸೂಚನೆ ಅಗತ್ಯ. ಪಟ್ಟಣ ವ್ಯಾಪಾರ ಸಮಿತಿಯಲ್ಲಿ ಕನಿಷ್ಠ ಶೇ. 40ರಷ್ಟು ಸದಸ್ಯರು ವ್ಯಾಪಾರಿಗಳಿಂದಲೇ ಚುನಾಯಿತರಾಗಬೇಕು. ಅವರಲ್ಲಿ ಮೂರನೆಯ ಒಂದು ಭಾಗ ಮಹಿಳೆಯರಿರಬೇಕು. ಕೊಳ್ಳುವವರೂ ಮಾರುವವರೂ ಮೊದಲಿನಿಂದ ಕೂಡುತ್ತ ಬಂದ ಸಹಜ ಮಾರುಕಟ್ಟೆಗಳನ್ನು ಯೋಜನೆ ಗಣಿಸಬೇಕು. ಬಸ್ ನಿಲ್ದಾಣದ ಬಳಿ ಮಾರುತ್ತಿದ್ದವರನ್ನು ಊರಹೊರಗಿನ ಕಟ್ಟಡಕ್ಕೆ ಕಳುಹಿಸಿದರೆ ವ್ಯಾಪಾರ ಬಾಡುವುದೇಕೆಂದು ಇದರಿಂದ ತಿಳಿಯುತ್ತದೆ: ಅವರ ಗಿರಾಕಿ ದಾರಿಹೋಕನೇ.

ಭಾಷೆಯ ವಿದ್ಯಾರ್ಥಿಗಳಾದ ನಾವು ‘ಒತ್ತುವರಿ’ ಎಂಬ ಪದವನ್ನೂ ಗಮನಿಸಬೇಕು. ಬುಟ್ಟಿ ಇಟ್ಟವಳಿಗೆ ಈ ಪದ ಬೇಗನೆ ಅಂಟಿಕೊಳ್ಳುತ್ತದೆ. ಕಾಲುದಾರಿಗೆ ಏರಿದ ಬೈಕು, ಮುಂದಕ್ಕೆ ಚಾಚಿದ ಅಂಗಡಿಯ ಮೆಟ್ಟಿಲು, ಮುಚ್ಚಳವಿಲ್ಲದ ಚರಂಡಿ ಇವುಗಳಿಗೆ ಅಷ್ಟು ಬೇಗ ಅಂಟುವುದಿಲ್ಲ. ಬುಟ್ಟಿಯನ್ನು ಎತ್ತಿಸುವುದು ಸುಲಭ, ಮೆಟ್ಟಿಲನ್ನು ಒಡೆಸುವುದು ಕಷ್ಟ. ಆದುದರಿಂದ ತೆರವಿನ ಭಾರ ಬಲಹೀನರ ಮೇಲೆ ಮೊದಲು ಬೀಳುತ್ತದೆ, ದಾರಿ ಮಾತ್ರ ತೆರವಾಗುವುದಿಲ್ಲ. 1.8 ಮೀಟರಿನ ಗೆರೆಯನ್ನು ಎಳೆದು ಅದನ್ನು ಎಲ್ಲರಿಗೂ ಒಂದೇ ಸಮನಾಗಿ ಅನ್ವಯಿಸಿದಾಗ ನಡೆಯುವವನಿಗೂ ಮಾರುವವಳಿಗೂ ನ್ಯಾಯ ಸಂದೀತು.